ಜೂನ್ ಇಪ್ಪತ್ತನಾಲ್ಕರ ಸಕ್ಕರೆ

೧೪ ಸೆಪ್ಟೆಂಬರ್ ೨೦೨೫, ಭಾನುವಾರ
ಎ ಬ್ಲಾಕ್, ಪಾರ್ಕ್‌ಲ್ಯಾಂಡ್ಸ್, ನೈರೋಬಿ

ಫ್ಲಾವಿಯಾ ಅಕ್ಕ,

ಬೆಳಗಿನ ಜಾವ ಮೂರು ಹತ್ತು. ಕರೆಂಟ್ ಹೋಗಿ, ಕೆಳಗಿನ ಜನರೇಟರ್ ಎರಡು ಸಲ ಕೆಮ್ಮಿ ಶುರುವಾದ ಸದ್ದಿಗೆ ಎಚ್ಚರವಾಯಿತು. ಮೈತ್ರಿಗೆ ಆಗಲಿಲ್ಲ. ಎಂಟು ತಿಂಗಳ ಮಗು ಮಲಗಿರುತ್ತದೆ, ಅದರ ತಾಯಿ ಕೂತಿರುತ್ತಾಳೆ. ನಮ್ಮ ಮನೆಯ ಕ್ರಮ ಈಗ ಹಾಗಾಗಿದೆ. ಕಿಟಕಿಯಿಂದ ನೋಡಿದರೆ ಎದುರಿನ ಸಿ ಬ್ಲಾಕಿನಲ್ಲಿ ನಿಮ್ಮ ಅಡುಗೆಮನೆಯ ದೀಪವೂ ಉರಿಯುತ್ತಿದೆ. ಮಧ್ಯೆ ಇರುವುದು ಹದಿನಾರು ಕಾರು ನಿಲ್ಲುವಷ್ಟು ಜಾಗ. ಆದರೂ ಕಾಗದ ಬರೆಯುತ್ತಿದ್ದೇನೆ.

ನನ್ನ ನಂಬರನ್ನು ನೀವು ಬ್ಲಾಕ್ ಮಾಡಿದ್ದೀರಿ. ಕೇಸು ಮುಗಿಯುವ ತನಕ ಫೋನಿನಲ್ಲಿ ಮಾತು ಬೇಡ ಎಂದು ವಕೀಲರು ಹೇಳಿದ್ದಾರೆಂದು ಗೇಟು ಕಾಯುವ ಮುಟುವಾನ ಬಾಯಲ್ಲಿ ಹೇಳಿಕಳಿಸಿದಿರಿ. ಕಾಗದ ಬೇಡ ಎಂದು ಹೇಳಿಸಲಿಲ್ಲ. ಅದನ್ನೇ ಹಿಡಿದುಕೊಂಡು ಕೂತಿದ್ದೇನೆ.

ಗುರುವಾರ ಜಯಮಾಲಾ ಟೀಚರಿಗೆ ಕೋರ್ಟಿನ ಕಾಗದ ತಲುಪಿತು. ಅವರ ಮನೆ ಮಾರಿಸಿಕೊಟ್ಟದ್ದಕ್ಕೆ ನಿಮಗೆ ಕೊಡಬೇಕಾದ ಕಮಿಷನ್, ನೂರಕ್ಕೆ ಮೂರರಂತೆ ಐದು ಲಕ್ಷ ನಲವತ್ತು ಸಾವಿರ ಶಿಲ್ಲಿಂಗ್, ಟೀಚರ್ ಕೊಟ್ಟಿಲ್ಲ ಎಂದು ನಿಮ್ಮ ದಾವೆ. ಸಾಕ್ಷಿಗಳ ಪಟ್ಟಿಯಲ್ಲಿ ಮೊದಲ ಹೆಸರು ನನ್ನದು. ಮನೆ ಕೊಂಡವರು ನಾವಲ್ಲವೇ. ಟೀಚರ್ ಆ ಕಾಗದವನ್ನು ನನ್ನ ಮುಂದೆ ಹಿಡಿದು, ಮಾರ್ಕ್ಸ್ ಕಾರ್ಡ್ ತೋರಿಸಿದ ಹಾಗೆ ಬೆರಳಿಟ್ಟು ತೋರಿಸಿದರು.

ಅವರು ನಿಮಗೆ ಬರೆದುಕೊಟ್ಟ ಒಪ್ಪಂದಕ್ಕೆ ತೊಂಬತ್ತು ದಿನದ ಗಡುವು ಇತ್ತಂತೆ. ಅಷ್ಟರೊಳಗೆ ಗಿರಾಕಿ ಒಪ್ಪಿದರೆ ಮಾತ್ರ ಕಮಿಷನ್. ಅದು ಮುಗಿದದ್ದು ಜುಲೈ ಒಂಬತ್ತಕ್ಕೆ. ನಾವು ಸಹಿ ಹಾಕಿದ್ದು ಆಗಸ್ಟ್ ಒಂದಕ್ಕೆ. ಗಡುವು ದಾಟಲಿ ಎಂದು ಟೀಚರ್, ನಾನು, ನನ್ನ ಗಂಡ ಮೂವರೂ ಕೂಡಿಕೊಂಡು ಕಾದೆವು ಎಂದು ನೀವು ಬರೆಸಿದ್ದೀರಿ. ಆ ವಾಕ್ಯವನ್ನು ಎಷ್ಟು ಸಲ ಓದಿದೆನೋ.

ಅಕ್ಕ, ತೊಂಬತ್ತು ದಿನದ ವಿಷಯ ನನಗೆ ಗೊತ್ತೇ ಇರಲಿಲ್ಲ. ನಾವು ಕಾದದ್ದು ಆಷಾಢ ಮುಗಿಯಲಿ ಎಂದು. ಮೈಸೂರಿನಿಂದ ನಮ್ಮತ್ತೆ ದಿನಾ ಫೋನ್ ಮಾಡಿ, ಮನೆ ಅಂದರೆ ಹುಡುಗಾಟವಲ್ಲ, ಆಷಾಢದಲ್ಲಿ ಕಾಗದಕ್ಕೆ ಕೈ ಹಚ್ಚಬೇಡಿ ಅಂದರು. ಅಷ್ಟೇ.

ಜನವರಿಯಲ್ಲಿ ರಘು ಕೆಲಸಕ್ಕೆಂದು ದೂರದ ತುರ್ಕಾನಾದ ಕ್ಯಾಂಪಿನಲ್ಲಿದ್ದಾಗ ನನಗೆ ಹೆರಿಗೆ ನೋವು ಶುರುವಾಯಿತು. ಆಸ್ಪತ್ರೆಗೆ ಕಾರು ಓಡಿಸಿದವರು ನೀವು. ಕೆಂಪು ದೀಪ ಬಂದಾಗಲೆಲ್ಲ ಒಂದು ಕೈ ಸ್ಟೇರಿಂಗ್ ಮೇಲೆ, ಒಂದು ಕೈ ನನ್ನ ಹೊಟ್ಟೆಯ ಮೇಲೆ. ನಲವತ್ತು ದಿನ ಮೆಂತೆ ಗಂಜಿ ಕಳಿಸಿದಿರಿ. ಅಂಥವರಿಗೆ ನಾನು ಮೋಸ ಮಾಡುತ್ತೇನೆಯೇ? ಉತ್ತರವನ್ನು ಮುಟುವಾನ ಕೈಗೆ ಕೊಡಿ.

ನಿಮ್ಮ ನಂಬಿಕೆ ಕಳೆದುಕೊಂಡು ಕೂತಿರುವ,
ಅಪೇಕ್ಷಾ


೧೯ ಸೆಪ್ಟೆಂಬರ್
ಸಿ ಬ್ಲಾಕ್

ಅಪೇಕ್ಷಾ,

ನಿನ್ನ ಕಾಗದ ಸಿಕ್ಕಿತು. ಮಗುವಿಗೆ ಹಲ್ಲು ಬರುವ ಸಮಯ ಅಲ್ವ, ಕ್ಯಾರೆಟ್ ತಣ್ಣಗೆ ಮಾಡಿ ಕಚ್ಚಲಿಕ್ಕೆ ಕೊಡು. ಅದಕ್ಕೂ ಈ ವಿಷಯಕ್ಕೂ ಸಂಬಂಧ ಇಲ್ಲ.

ಆಷಾಢದ ಕತೆ ನನ್ನ ಹತ್ತಿರ ಹೇಳಬೇಡ ಮಾರಾಯ್ತಿ. ನಾನು ಇಗರ್ಜಿಗೆ ಹೋಗುವವಳು ಹೌದು, ಆದರೆ ಮೂಡುಬಿದಿರೆಯಲ್ಲಿ ಹುಟ್ಟಿದವಳು. ನೀವು ಆಷಾಢ ಹೇಳುವುದನ್ನು ನಾವು ಆಟಿ ಹೇಳುವುದು. ಆಟಿಯಲ್ಲಿ ನಮ್ಮ ಅಜ್ಜಿ ಹೊಸ ಹಟ್ಟಿಗೆ ದನ ಸಹ ಕಟ್ಟುತ್ತಿರಲಿಲ್ಲ. ಆ ಆಟಿ ಸುರುವಾಗುವುದೇ ಜುಲೈ ಹದಿನೇಳಕ್ಕೆ, ಮುಗಿಯುವುದು ಆಗಸ್ಟ್ ಹದಿನಾರಕ್ಕೆ. ನೀವು ಸಹಿ ಹಾಕಿದ್ದು ಆಗಸ್ಟ್ ಒಂದು. ಆಟಿಯ ಸರೀ ನಡುವೆ. ಕೆಟ್ಟ ತಿಂಗಳು ದಾಟಲಿ ಹೇಳಿ ಕಾದವರು ಕೆಟ್ಟ ತಿಂಗಳ ನಡುವಿನಲ್ಲಿ ಸಹಿ ಹಾಕುವುದುಂಟಾ? ನಿಮ್ಮತ್ತೆಯ ಹೆಸರು ಯಾಕೆ ಎಳೆದು ತರುತ್ತಿ?

ಹಣ ದೊಡ್ಡದಲ್ಲ ಅಂತ ನಾನು ಹೇಳುವುದಿಲ್ಲ. ದೊಡ್ಡದೇ. ವರ್ಷಕ್ಕೆ ಇಂಥ ವ್ಯಾಪಾರ ನನಗೆ ಎರಡು ಆದರೆ ಪುಣ್ಯ. ಆದರೆ ಹಣಕ್ಕಾಗಿ ನಿದ್ದೆ ಬಿಟ್ಟು ಕೂತವಳಲ್ಲ ನಾನು.

ಫ್ಲಾವಿಯಾ


೬ ಅಕ್ಟೋಬರ್

ಅಕ್ಕ,

ನಿಮ್ಮ ಕಾಗದವನ್ನು ಓದಿ ಮೊದಲು ಅಳು ಬಂತು, ಆಮೇಲೆ ನಗು. ರಘು ಗಾಬರಿಯಾಗಿ ನೀರು ತಂದರು.

ಅಕ್ಕ, ನಿಮ್ಮ ಆಟಿ ಬೇರೆ, ನಮ್ಮ ಆಷಾಢ ಬೇರೆ. ನನಗೂ ಗೊತ್ತಿರಲಿಲ್ಲ, ಅತ್ತೆಯನ್ನು ಕೇಳಿ ತಿಳಿದುಕೊಂಡೆ. ನಿಮ್ಮ ಕಡೆ ತಿಂಗಳನ್ನು ಎಣಿಸುವುದು ಸೂರ್ಯನನ್ನು ನೋಡಿ, ನಮ್ಮ ಕಡೆ ಚಂದ್ರನನ್ನು ನೋಡಿ. ನಮಗೆ ಅಮಾವಾಸ್ಯೆ ಕಳೆದರೆ ತಿಂಗಳು ಬದಲಾಯಿತು. ಈ ವರ್ಷ ನಮ್ಮ ಆಷಾಢ ಜೂನ್ ಇಪ್ಪತ್ತಾರಕ್ಕೆ ಹಿಡಿದು ಜುಲೈ ಇಪ್ಪತ್ತನಾಲ್ಕಕ್ಕೆ ಬಿಟ್ಟಿತು. ಆಗಸ್ಟ್ ಒಂದು ನಮಗೆ ಶ್ರಾವಣ ಶುಕ್ರವಾರ. ಅದಕ್ಕಿಂತ ಒಳ್ಳೆಯ ದಿನ ಇಲ್ಲ ಎಂದು ಅತ್ತೆ ನೈಟಿಯಲ್ಲೇ ಪಂಚಾಂಗ ಹಿಡಿದು ವಿಡಿಯೋ ಕಾಲಿನಲ್ಲಿ ತೋರಿಸಿದ್ದರು. ನಿಮಗೆ ಅದೇ ದಿನ ಆಟಿಯ ನಡುಮಧ್ಯ. ಒಂದೇ ಶುಕ್ರವಾರ ಎದುರುಬದುರು ಬ್ಲಾಕುಗಳಲ್ಲಿ ಎರಡು ತಿಂಗಳು ನಡೆಯುತ್ತಿತ್ತು.

ಇದನ್ನು ಯಾರನ್ನು ಬೇಕಾದರೂ ಕೇಳಿ. ದೇವಸ್ಥಾನದ ಭಟ್ಟರನ್ನು ಕೇಳಿ.

ಕ್ಯಾರೆಟ್ ಕೊಟ್ಟೆ. ಕಚ್ಚುವುದಕ್ಕಿಂತ ಎಸೆಯುವುದು ಹೆಚ್ಚು.

ಉತ್ತರ ಕಾಯುತ್ತಾ,
ಅಪೇಕ್ಷಾ


೧೨ ಅಕ್ಟೋಬರ್

ಅಪೇಕ್ಷಾ,

ಪೂಜೆ ಮುಗಿಸಿ ಬರುತ್ತಿದ್ದ ಭಟ್ಟರನ್ನು ರಸ್ತೆಯಲ್ಲೇ ನಿಲ್ಲಿಸಿ ಕೇಳಿದೆ. ಅವರೂ ನೀನು ಹೇಳಿದ ಹಾಗೆಯೇ ಹೇಳಿದರು. ಸರಿ. ಜುಲೈಯದ್ದು ಬಿಟ್ಟೆ.

ಆದರೆ ಎರಡು ಕಾಗದ ಬರೆದಿ. ಎರಡರಲ್ಲೂ ಜುಲೈ ಉಂಟು, ಆಗಸ್ಟ್ ಉಂಟು. ನಾನು ನಿನಗೆ ಮನೆ ತೋರಿಸಿದ್ದು ಜೂನ್ ಹದಿನೈದಕ್ಕೆ. ಆಷಾಢ ಹಿಡಿದದ್ದು ಇಪ್ಪತ್ತಾರಕ್ಕೆ. ನಡುವೆ ಹತ್ತು ದಿನ ಉಂಟಲ್ಲ, ಅದರಲ್ಲಿ ಎಂತ ಆಯಿತು ಅಂತ ನೀನು ಬರೆಯಲಿಲ್ಲ.

ಫ್ಲಾ.


೨ ನವೆಂಬರ್, ಭಾನುವಾರ

ಅಕ್ಕ,

ಮೂರು ವಾರ ನಿಮ್ಮ ಕಾಗದವನ್ನು ಡೈಪರ್ ಡಬ್ಬಿಯ ಕೆಳಗೆ ಇಟ್ಟಿದ್ದೆ. ರಘು ಬೇಡ ಎಂದರು. ಕೋರ್ಟಿಗೆ ಬೇಕಿರುವುದು ಸಹಿ ಹಾಕಿದ ತಾರೀಕು, ಕಾಗದದಲ್ಲಿ ಇರುವುದನ್ನು ಹೇಳೋಣ, ಇಲ್ಲದ್ದನ್ನು ನಾವಾಗಿ ಯಾಕೆ ಹೇಳಬೇಕು ಎಂದರು. ಟೀಚರ್ ಕೂಡ ಮೊನ್ನೆ ಚಹಾ ಕೊಟ್ಟು ಅದನ್ನೇ ಹೇಳಿದರು. ‘ಆಗಸ್ಟ್ ಅಂತ ಅಂದುಬಿಡು ತಂಗಿ, ಅದೇನು ಸುಳ್ಳಲ್ಲಲ್ಲ.’ ಮಂಡಿಯ ಆಪರೇಷನ್ನಿಗೆ ಎಂದು ಅವರು ಎತ್ತಿಟ್ಟದ್ದು ಸರಿಸುಮಾರು ನಿಮ್ಮ ಕಮಿಷನ್ನಿನಷ್ಟೇ. ಬಾಗಿಲ ತನಕ ಬರಲು ಅವರಿಗೆ ಎರಡು ಕಡೆ ಗೋಡೆ ಹಿಡಿಯಬೇಕು. ಅದನ್ನು ನೋಡಿಕೊಂಡು ಬಂದು ಇದನ್ನು ಬರೆಯುತ್ತಿದ್ದೇನೆ.

ಜೂನ್ ಇಪ್ಪತ್ತನಾಲ್ಕು, ಮಂಗಳವಾರ. ನೀವು ಕರೆನ್ ಬಡಾವಣೆಯಲ್ಲಿ ಯಾರಿಗೋ ಸೈಟು ತೋರಿಸಲು ಹೋಗಿದ್ದಿರಿ. ಮರುದಿನ ಅಮಾವಾಸ್ಯೆ, ಅದರ ಮರುದಿನ ಆಷಾಢ. ಹೇಳುವುದಿದ್ದರೆ ಇವತ್ತೇ ಹೇಳಿಬಿಡು, ಬರೆಯುವುದು ಆಮೇಲೆ ಎಂದರು ಅತ್ತೆ. ಮೈತ್ರಿಯನ್ನು ಎದೆಗೆ ಕಟ್ಟಿಕೊಂಡು ನಾನೊಬ್ಬಳೇ ಟೀಚರ್ ಮನೆಗೆ ಹೋದೆ. ‘ಮನೆ ನಮಗೇ ಇರಲಿ ಟೀಚರ್, ನೀವು ಹೇಳಿದ ಬೆಲೆಗೆ’ ಎಂದೆ. ಅವರು ಅಡುಗೆಮನೆಯಿಂದ ಸಕ್ಕರೆ ತಂದು ನನ್ನ ಬಾಯಿಗೆ ಹಾಕಿದರು, ಮೈತ್ರಿಯ ತುಟಿಗೂ ಒಂದು ಕಾಳು ಮುಟ್ಟಿಸಿದರು. ‘ಮಾತಾತು. ಬಾಕಿದ್ದು ಆಷಾಢ ಮುಗದ ಮ್ಯಾಲೆ’ ಎಂದರು. ಮಾತಾಡುತ್ತಲೇ ಗೋಡೆಯ ಕ್ಯಾಲೆಂಡರಿನಲ್ಲಿ ಏನೋ ಗೀಚಿದರು. ಹಾಲು ಬರಲಿಲ್ಲ, ಗ್ಯಾಸ್ ಬಂತು, ಎಲ್ಲವನ್ನೂ ಅವರು ಅದರಲ್ಲೇ ಬರೆಯುವುದು.

ನಿಮಗೆ ಅವತ್ತೇ ಹೇಳಬೇಕಿತ್ತು. ಶ್ರಾವಣ ಬರಲಿ, ಸಿಹಿ ಹಿಡಿದುಕೊಂಡೇ ಹೋಗಿ ಹೇಳೋಣ ಎಂದುಕೊಂಡೆ. ಬರೆದು ಮುಗಿಯದ ಮನೆಯ ಸುದ್ದಿ ಬಾಯಿಂದ ಬಾಯಿಗೆ ಹೋಗಬಾರದು ಎಂದು ಅತ್ತೆ ಬೇರೆ ಹೆದರಿಸಿದ್ದರು.

ಇನ್ನೊಂದಿದೆ. ಇದನ್ನು ಬರೆಯಲು ಕೈ ಬರುವುದಿಲ್ಲ. ಆಗಸ್ಟ್ ಒಂದಕ್ಕೆ ಸಹಿ ಹಾಕುವಾಗ ಟೀಚರ್ ತಾವಾಗಿಯೇ ಎರಡು ಲಕ್ಷ ಇಳಿಸಿದರು. ಒಂದು ಕೋಟಿ ಎಂಬತ್ತು ಲಕ್ಷ ಇದ್ದದ್ದು ಎಪ್ಪತ್ತೆಂಟಾಯಿತು. ನಿಮಗೆ ಸೇರಬೇಕಾದದ್ದರಿಂದಲೇ ಇರಬಹುದು ಎಂಬ ಅನುಮಾನ ಬಂದರೂ ಯಾಕೆ ಎಂದು ನಾನು ಕೇಳಲಿಲ್ಲ. ರಘು ಕೇಳಲಿಲ್ಲ. ಮೆಟ್ಟಿಲಿಳಿಯುವಾಗ ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಲಿಲ್ಲ. ಅವತ್ತಿನಿಂದಲೇ ಅಕ್ಕ ನನಗೆ ನಿದ್ದೆಯಿಲ್ಲ. ನೆಪವನ್ನು ಮಗುವಿನ ಮೇಲೆ ಹಾಕಿದ್ದೆ ಅಷ್ಟೇ.

ಈ ಕಾಗದವನ್ನು ನಿಮ್ಮ ವಕೀಲರಿಗೆ ಕೊಡಿ. ಕೊಡಬೇಡಿ ಎಂದು ಕೇಳುವ ಮುಖ ನನಗಿಲ್ಲ.

ಅಪೇಕ್ಷಾ


೫ ನವೆಂಬರ್

ಅಪೇಕ್ಷಾ,

ಓದಿದೆ. ವಕೀಲರಿಗೆ ಕೊಡಲಿಲ್ಲ. ಬೈಬಲಿನ ಒಳಗೆ ಇಟ್ಟಿದ್ದೇನೆ, ಅಲ್ಲಿಂದ ಹೊರಗೆ ಬರುವುದಿಲ್ಲ.

ನನ್ನ ಹೇಳಿಕೆ ಮೊನ್ನೆಯೇ ಆಯಿತು. ಇಪ್ಪತ್ತನೇ ತಾರೀಕು ನಿಂದು. ಅವತ್ತು ನಾನು ಬರುವುದಿಲ್ಲ, ವಕೀಲರು ಸಾಕು. ನನ್ನ ಮುಖ ನೋಡಿ ನೀನು ಒಂದು ಹೇಳುವುದು, ಟೀಚರ್ ಮುಖ ನೋಡಿ ಇನ್ನೊಂದು ಹೇಳುವುದು ಬೇಡ. ನಿನಗೆ ಎಂತ ಕಾಣುತ್ತದೋ ಅದನ್ನು ಹೇಳು.

ಫ್ಲಾವಿಯಾ


೨೧ ನವೆಂಬರ್, ಶುಕ್ರವಾರ

ಅಕ್ಕ,

ವಕೀಲರು ನಿನ್ನೆಯೇ ಹೇಳಿರುತ್ತಾರೆ. ಆದರೆ ಅವರಿಗೆ ಅರ್ಥವಾದದ್ದು ಅರ್ಧ ಮಾತ್ರ. ಕನ್ನಡ ಓದಬಲ್ಲವರು ಆ ಕೋಣೆಯಲ್ಲಿ ಇಬ್ಬರೇ ಇದ್ದೆವು, ಟೀಚರ್ ಮತ್ತು ನಾನು. ಆದ್ದರಿಂದ ನಾನೇ ಹೇಳಬೇಕು.

ಕೋಣೆ ಚಿಕ್ಕದು. ನಮ್ಮ ನಡುಮನೆಯಷ್ಟೇ. ತೀರ್ಪು ಕೊಡುವವರು ನನ್ನ ವಯಸ್ಸಿನ ಹೆಂಗಸು, ಮೇಜಿನ ಮೇಲೆ ನೀರಿನ ಬಾಟಲಿ, ಪಕ್ಕದಲ್ಲಿ ಫೈಲಿನ ರಾಶಿ. ಮೈತ್ರಿಯನ್ನು ಎತ್ತಿಕೊಂಡು ರಘು ಹೊರಗೆ ಕಾರಿಡಾರಿನಲ್ಲಿ ತಿರುಗುತ್ತಿದ್ದರು. ಅವಳು ಅಳುವುದು ಒಳಗೆ ಕೇಳುತ್ತಿತ್ತು, ನನ್ನ ರವಿಕೆ ಒದ್ದೆಯಾಗುತ್ತಿತ್ತು. ಸಾಕ್ಷಿ ಹೇಳುವವಳ ಸ್ಥಿತಿ ಇದು.

ಮೂವರೂ ಕೂಡಿ ಕಾದೆವು ಎಂಬ ಆರೋಪವಿತ್ತಲ್ಲ, ಅದನ್ನು ಅಳಿಸಲು ಟೀಚರ್ ಕಡೆಯ ವಕೀಲರು ಆಷಾಢಕ್ಕೆ ಪುರಾವೆ ತನ್ನಿ ಎಂದು ಅವರಿಗೆ ಹೇಳಿದ್ದರಂತೆ. ಟೀಚರ್ ಏನು ಮಾಡಿದರು ಗೊತ್ತೇ? ಗೋಡೆಯ ಕ್ಯಾಲೆಂಡರನ್ನೇ ಮೊಳೆಯಿಂದ ಬಿಡಿಸಿ, ಸುರುಳಿ ಸುತ್ತಿ, ಕೂದಲಿಗೆ ಹಾಕುವ ರಬ್ಬರ್ ಬ್ಯಾಂಡ್ ಹಾಕಿ ತಂದಿದ್ದರು. ಅದನ್ನು ಮೇಜಿನ ಮೇಲೆ ಬಿಚ್ಚಿ, ಜೂನ್ ಹಾಳೆಯಲ್ಲಿ ಇಪ್ಪತ್ತಾರು, ಜುಲೈ ಹಾಳೆಯಲ್ಲಿ ಇಪ್ಪತ್ತನಾಲ್ಕು, ಆಷಾಢದ ಆರಂಭ ಅಂತ್ಯ ಎರಡನ್ನೂ ತೋರಿಸಿದರು. ಪಾಠ ಮಾಡುವ ದನಿಯಲ್ಲಿ, ಅಷ್ಟು ಚೆನ್ನಾಗಿ. ಆ ಹೆಂಗಸು ತಲೆಯಾಡಿಸಿ ಬರೆದುಕೊಂಡರು. ತಮ್ಮ ಕಡೆ ಅಜ್ಜಿಯರೂ ಕೆಲವು ದಿನ ಬೀಜ ಬಿತ್ತುವುದಿಲ್ಲ ಎಂದರು. ಎಲ್ಲರೂ ಸ್ವಲ್ಪ ನಕ್ಕರು.

ಆಮೇಲೆ ಆ ಹೆಂಗಸು ಹಾಳೆಯನ್ನು ಹಿಂದಕ್ಕೆ ಮಗುಚಿ, ಜೂನ್ ಇಪ್ಪತ್ತನಾಲ್ಕರ ಚೌಕದ ಮೇಲೆ ಪೆನ್ನಿನ ತುದಿಯಿಟ್ಟು, ‘ಈ ಕೆಂಪು ಅಕ್ಷರ ಏನು?’ ಎಂದು ಕೇಳಿದರು. ಸುಮ್ಮನೆ ಕೇಳಿದ್ದು. ಟೀಚರನ್ನಲ್ಲ, ಮೇಜಿನ ಈ ಬದಿಗೆ ನಿಂತಿದ್ದ ನನ್ನನ್ನು.

ಟೀಚರ್ ಆಗ ನೋಡಿದರು. ತಾವು ಬರೆದದ್ದು ಅವರಿಗೇ ಮರೆತುಹೋಗಿತ್ತು ಅಕ್ಕ. ಮುಖ ನೋಡಿದಾಗಲೇ ಗೊತ್ತಾಯಿತು. ಹಾಲಿನ ಲೆಕ್ಕ ಎಂದು ನಾನು ಹೇಳಿದ್ದರೆ ಮುಗಿಯುತ್ತಿತ್ತು. ನಿಮ್ಮ ವಕೀಲರಿಗೂ ತಿಳಿಯುತ್ತಿರಲಿಲ್ಲ. ನೀವು ಬರದೇ ಇದ್ದದ್ದು ಯಾಕೆ ಎಂದು ಆ ಕ್ಷಣಕ್ಕೆ ಅರ್ಥವಾಯಿತು.

ನಾನು ಓದಿದೆ. ‘ಮನೆ ಮಾತಾತು. ಕೂಸಿನ ಬಾಯಿಗೂ ಸಕ್ಕರೆ.’ ಆಮೇಲೆ ಇಂಗ್ಲಿಷಿನಲ್ಲಿ ಹೇಳಿದೆ. ಕೂಸು ನನ್ನದು, ಸಕ್ಕರೆ ತಿಂದವಳು ನಾನು, ಬೆಲೆಗೆ ಒಪ್ಪಿದ್ದು ಅವತ್ತೇ, ಆಷಾಢಕ್ಕೆ ಕಾದದ್ದು ಸಹಿಗೆ ಮಾತ್ರ ಎಂದೆ. ಇಳಿಸಿದ ಎರಡು ಲಕ್ಷವನ್ನೂ ಹೇಳಿದೆ, ಯಾರೂ ಕೇಳದೆ. ರಘು ಕಾರಿಡಾರಿನಿಂದ ಕೇಳಿಸಿಕೊಂಡರಂತೆ. ಮನೆಗೆ ಬರುವಾಗ ಮಟಾಟು ವ್ಯಾನಿನ ಹಿಂದೆ ಅರ್ಧ ಗಂಟೆ ಸಿಕ್ಕಿಕೊಂಡಿದ್ದಾಗ, ‘ಒಳ್ಳೆಯದಾಯಿತು’ ಎಂದರು. ಅಷ್ಟೇ ಅಂದದ್ದು. ಆಮೇಲೆ ಹಾಡು ಹಾಕಿದರು.

ಆದರೆ ನಾನು ಹೇಳಬೇಕೆಂದಿರುವುದು ಟೀಚರ್ ವಿಷಯ. ಅವರ ವಕೀಲರು ಏನೋ ಹೇಳಲು ಎದ್ದರು. ಟೀಚರ್ ಅವರ ತೋಳು ಹಿಡಿದು ಕೂರಿಸಿದರು. ‘ನಾನಽ ಬರದದ್ದು. ಖರೆ ಐತಿ’ ಎಂದು ಕನ್ನಡದಲ್ಲೇ ಹೇಳಿದರು, ಮತ್ತೆ ಇಂಗ್ಲಿಷಿನಲ್ಲಿ ಹೇಳಿದರು. ಹತ್ತು ನಿಮಿಷದಲ್ಲಿ ಎರಡೂ ಕಡೆಯ ವಕೀಲರು ಹೊರಗೆ ನಿಂತು ರಾಜಿಗೆ ಬಂದರು. ನಿಮ್ಮ ಕಮಿಷನ್ ಪೂರ್ತಿ, ಎರಡು ಕಂತಿನಲ್ಲಿ. ಎರಡು ಕಂತಿಗೆ ನೀವೇ ಮೊದಲೇ ಒಪ್ಪಿ ವಕೀಲರನ್ನು ಕಳಿಸಿದ್ದಿರಂತೆ, ಟೀಚರ್ ಮಂಡಿಯ ವಿಷಯ ಯಾರೋ ಹೇಳಿದ್ದಕ್ಕೆ. ಯಾರು ಹೇಳಿದ್ದು ಎಂದು ಟೀಚರ್ ಕೇಳಿದರು. ನಾನು ಮಗುವಿನ ಮೂಗು ಒರೆಸುತ್ತಿದ್ದೆ. ಎರಡು ಲಕ್ಷವನ್ನು ನಾವು ಟೀಚರಿಗೆ ವಾಪಸು ಕೊಟ್ಟು ಹಳೆಯ ಬೆಲೆಗೇ ಮನೆ ತೆಗೆದುಕೊಳ್ಳುತ್ತೇವೆ.

ಮೆಟ್ಟಿಲಲ್ಲಿ ಅವರ ಕೈ ಹಿಡಿದು ಇಳಿಸುವಾಗ ನಾನು ಕ್ಷಮಿಸಿ ಎಂದೆ. ‘ಮೂವತ್ತನಾಕು ವರ್ಷ ಈ ಊರಾಗ ಹುಡುಗರ ಪೇಪರ್ ತಿದ್ದೀನಿ’ ಎಂದರು. ‘ನನ್ನ ಪೇಪರ್ ನೀ ತಿದ್ದಿದಿ. ನಡಿ, ಕೈ ಬಿಡಬ್ಯಾಡ, ಬೀಳ್ತೀನಿ.’ ಕಾರಿನಲ್ಲಿ ಕೂತ ಮೇಲೆ ಅವರು ಅತ್ತರು, ಹಗುರಾದವರು ಅಳುವ ಹಾಗೆ.

ನಾನು ನಿನ್ನೆ ರಾತ್ರಿ ಏಳು ಗಂಟೆ ಕಾಲ ಮಲಗಿದ್ದೆ ಅಕ್ಕ. ಏಳು.

ಈಗ ಕೇಸಿಲ್ಲ. ಫೋನ್ ಮಾಡುತ್ತೀರಾ?

ನಿಮ್ಮ
ಅಪೇಕ್ಷಾ


೧೫ ಡಿಸೆಂಬರ್, ಸೋಮವಾರ

ಫ್ಲಾವಿಯಾ ಅಕ್ಕ,

ನಾಲ್ಕು ಗಂಟೆಗೆ ಐದು ನಿಮಿಷ ಇದೆ. ಇವತ್ತು ಯಾವ ಸದ್ದೂ ಎಬ್ಬಿಸಲಿಲ್ಲ, ಅಲಾರಂ ಇಟ್ಟುಕೊಂಡು ಎದ್ದಿದ್ದೇನೆ.

ನೀವು ಫೋನ್ ಮಾಡಲಿಲ್ಲ. ಆದರೆ ಡಿಸೆಂಬರ್ ಒಂದಕ್ಕೆ ಮುಟುವಾ ಒಂದು ಸ್ಟೀಲ್ ಡಬ್ಬಿ ತಂದು, ತನ್ನ ಸ್ವಾಹಿಲಿಯಲ್ಲಿ ‘ಮಾಮಾ ಫ್ಲಾವಿಯಾ’, ಫ್ಲಾವಿಯಾ ಅಮ್ಮ, ಎಂದಷ್ಟೇ ಹೇಳಿ ಕೊಟ್ಟು ಹೋದ. ಒಳಗೆ ಮೆಂತೆ ಗಂಜಿ, ಬೆಲ್ಲ ಹೆಚ್ಚಾಗಿ ಹಾಕಿದ್ದು. ಬಾಣಂತಿತನ ಮುಗಿದು ಒಂಬತ್ತು ತಿಂಗಳಾದವಳಿಗೆ. ಚೀಟಿ ಇರಲಿಲ್ಲ, ಡಬ್ಬಿಯ ಮುಚ್ಚಳವನ್ನು ಎರಡು ಸಲ ನೋಡಿದೆ. ನಿಂತುಕೊಂಡೇ ತಿಂದೆ.

ನೀವು ಯಾಕೆ ಸುಮ್ಮನಿದ್ದೀರಿ ಎಂದು ನನಗೆ ಗೊತ್ತು ಎಂದುಕೊಂಡಿದ್ದೇನೆ. ಕೋರ್ಟಿಗೆ ಹಾಕಿದ ಕಾಗದದಲ್ಲಿ ನಮ್ಮನ್ನು ಏನೆಂದು ಬರೆಸಿದಿರೋ ಅದು ನಿಮಗೆ ನೆನಪಿದೆ. ಅದನ್ನು ನಾನು ಮರೆತೆ. ನಿಮಗೆ ಹೇಳದೆ ನಾನು ಸಕ್ಕರೆ ತಿಂದದ್ದನ್ನು ನೀವು ಮರೆಯಿರಿ. ಮುಗಿಯಿತು.

ಈಗ ವಿಷಯಕ್ಕೆ ಬರುತ್ತೇನೆ. ಟೀಚರ್ ಇವತ್ತು ಬೆಳಿಗ್ಗೆ ಆರಕ್ಕೆ ಮನೆ ಬಿಡುತ್ತಾರೆ. ಎಂಟರ ರೈಲಿಗೆ ಮೊಂಬಾಸಾ, ತಂಗಿಯ ಮನೆ. ಮಂಡಿಯ ಆಪರೇಷನ್ ಅಲ್ಲೇ, ಜನವರಿಗೆ ದಿನ ಗೊತ್ತಾಗಿದೆ. ನಿನ್ನೆ ಸಂಜೆ ಬೀಗದ ಕೈ ತೆಗೆದುಕೊಳ್ಳಲು ಹೋದರೆ ನನ್ನ ಕೈಗೆ ಕೊಡಲಿಲ್ಲ. ಸೆರಗಿಗೆ ಕಟ್ಟಿಕೊಂಡು ಕೂತಿದ್ದಾರೆ. ‘ಮನೀ ತೋರಿಸಿದಾಕಿ ಕೊಡಬೇಕು. ಆಕಿ ಬರಲಿ’ ಎಂದರು. ನೀವೇ ಕರೆಯಿರಿ ಎಂದೆ. ‘ನನಗ ಬಾಯಿಲ್ಲ, ನೀ ಕರಿ’ ಎಂದರು. ಅವರಿಗೆ ಬಾಯಿಲ್ಲವಂತೆ, ಮೂವತ್ತನಾಲ್ಕು ವರ್ಷ ಲೆಕ್ಕ ಕಲಿಸಿದವರಿಗೆ.

ಆಮೇಲೆ ಅತ್ತೆಯ ಫೋನ್. ನಾಳೆಯಿಂದ ಧನುರ್ಮಾಸ, ಜನವರಿ ಹದಿನಾಲ್ಕರ ತನಕ ಹೊಸ ಮನೆಯ ಬೀಗ ಮುಟ್ಟುವ ಹಾಗಿಲ್ಲ, ಇವತ್ತೇ ಹೊಸಿಲು ದಾಟಿ ಹಾಲುಕ್ಕಿಸಿ ಎಂದಿದ್ದಾರೆ. ಈ ಸಲ ನೀವು ತಕರಾರು ಮಾಡುವ ಹಾಗಿಲ್ಲ ಅಕ್ಕ. ಧನುರ್ಮಾಸದ ಲೆಕ್ಕ ಚಂದ್ರನದ್ದಲ್ಲ, ಸೂರ್ಯನದ್ದು. ಬೇಕಾದರೆ ಭಟ್ಟರನ್ನು ಮತ್ತೆ ರಸ್ತೆಯಲ್ಲಿ ನಿಲ್ಲಿಸಿ ಕೇಳಿ. ಎ ಬ್ಲಾಕಿಗೂ ಸಿ ಬ್ಲಾಕಿಗೂ ಒಂದೇ ತಿಂಗಳು.

ಈ ಕಾಗದದ ಜೊತೆ ನಿಮ್ಮ ಡಬ್ಬಿಯನ್ನೂ ಮುಟುವಾನ ಕೈಲಿ ಕಳಿಸುತ್ತಿದ್ದೇನೆ. ಬಾಗಿಲ ಸಂದಿಯಲ್ಲಿ ಡಬ್ಬಿ ಹೋಗುವುದಿಲ್ಲ, ಬೆಲ್ ಮಾಡು ಎಂದು ಹೇಳಿದ್ದೇನೆ, ಬೈಯಬೇಡಿ. ಖಾಲಿ ಡಬ್ಬಿ ವಾಪಸು ಕೊಡಬಾರದಲ್ಲ, ಒಳಗೆ ಸಕ್ಕರೆ ಇದೆ. ಜೂನ್ ಇಪ್ಪತ್ತನಾಲ್ಕಕ್ಕೇ ನಿಮಗೆ ಸೇರಬೇಕಾಗಿದ್ದದ್ದು.

ನಿಮ್ಮ ಅಡುಗೆಮನೆ ದೀಪ ಈಗ ಉರಿಯುತ್ತಿದೆ. ನೀವು ಎದ್ದಿದ್ದೀರಿ, ನನಗೆ ಕಾಣುತ್ತಿದೆ. ಟ್ಯಾಕ್ಸಿ ಆರಕ್ಕೆ ಬರುತ್ತದೆ. ಬರುತ್ತೇನೆ ಅನ್ನಿ, ಇಲ್ಲ ಅನ್ನಿ, ಮೊದಲು ನನ್ನ ನಂಬರನ್ನು ಬಿಡಿಸಿ. ಫೋನನ್ನು ಕೈಯಲ್ಲೇ ಹಿಡಿದು ಕಿಟಕಿಯ ಹತ್ತಿರ ನಿಂತಿದ್ದೇನೆ. ಬೆಳಕು ಹರಿಯುವ ಮೊದಲು ಒಂದು ಫೋನ್ ಮಾಡಿ ಅಕ್ಕ, ದಯವಿಟ್ಟು ಮಾಡಿ.

ನಿಮ್ಮ ಅಪೇಕ್ಷಾ